ಮೇಕೋ ಕಾಜಿ ಮಾತು ಬಿಟ್ಟ ಕಥೆ

ಹಿಮ ಬೀಳ್ತಿದೆ. ಬಿಳಿ ಕಿಮೊನೊ ಉಟ್ಟ ಹೆಣ್ಣೊಬ್ಬಳು ಕೊಡೆ ಹಿಡಿದು ಬರುತ್ತಾಳೆ. ಕೊಡೆಯ ಹಿಡಿ ಎಳೆದರೆ ಒಳಗಿಂದ ಕತ್ತಿ! 1973ರ ಜಪಾನಿ ಸಿನಿಮಾ ‘ಲೇಡಿ ಸ್ನೋಬ್ಲಡ್’ನ ಈ ಹೆಣ್ಣೇ ನಟಿ ಮೇಕೋ ಕಾಜಿ. ಹಾಲಿವುಡ್ ನಿರ್ದೇಶಕ ಟರಾಂಟಿನೊ 2003ರ ‘ಕಿಲ್ ಬಿಲ್’ನಲ್ಲಿ ಆಕೆ ಹಾಡಿದ್ದ ಹಾಡುಗಳನ್ನೇ ಬಳಸಿಕೊಂಡ.

ಇಷ್ಟು ರಕ್ತ ಹರಿಸುವ ಸಿನಿಮಾಗಳು ಜಪಾನಿನಲ್ಲಿ ಯಾಕೆ ಹುಟ್ಟಿದವು? ಕಾರಣ ಟಿವಿ. 1958ರಲ್ಲಿ ಅಲ್ಲಿ ಸುಮಾರು 112 ಕೋಟಿ ಟಿಕೆಟ್ ಮಾರಾಟವಾಗಿತ್ತು. 1972ರಲ್ಲಿ 20 ಕೋಟಿಯೂ ಇಲ್ಲ. ಮನೆಯಲ್ಲಿ ಕೂತು ನೋಡಲಾಗದ್ದನ್ನು ತೋರಿಸಿದರೆ ಮಾತ್ರ ಜನ ಬರ್ತಾರೆ ಅಂತ ಸ್ಟುಡಿಯೋಗಳು ಲೆಕ್ಕ ಹಾಕಿದವು.

ಕಾಜಿ 1965ರಲ್ಲಿ ನಿಕ್ಕಾತ್ಸು ಸ್ಟುಡಿಯೋ ಸೇರಿದಾಗ ಹೆಸರು ಮಸಾಕೊ ಓಟಾ. ಹೆಸರು ಬದಲಾಯಿಸಿಕೊಂಡ ಮೇಲೆ, ಪುಂಡ ಹುಡುಗಿಯರ ಗ್ಯಾಂಗಿನ ‘ಸ್ಟ್ರೇ ಕ್ಯಾಟ್ ರಾಕ್’ ಸಿನಿಮಾಗಳಿಂದ ಜನ ಗುರುತಿಸಿದರು. 1971ರ ಕೊನೆಗೆ ನಿಕ್ಕಾತ್ಸು ಪೂರ್ತಿ ಕಾಮದ ಚಿತ್ರಗಳ ಕಡೆ ಹೊರಳಿತು. ಕಾಜಿ ಅಲ್ಲಿಂದ ಎದ್ದು ತೋಯೇ ಸ್ಟುಡಿಯೋಗೆ ಹೋದರು.

ತೋಯೇ ಏನು ಮಡಿವಂತರ ಮನೆಯಲ್ಲ. 1972ರಲ್ಲಿ ಸಿಕ್ಕಿದ್ದು ಹೆಣ್ಣುಮಕ್ಕಳ ಜೈಲಿನ ಕಥೆ, ‘ಫೀಮೇಲ್ ಪ್ರಿಸನರ್ ಸ್ಕಾರ್ಪಿಯನ್’. ಮೂಲ ಮಾಂಗಾದಲ್ಲಿ, ಅಂದರೆ ಜಪಾನಿ ಕಾಮಿಕ್ಸ್‌ನಲ್ಲಿ, ನಾಯಕಿಯ ಬಾಯಲ್ಲಿ ಬರೀ ಹೊಲಸು ಮಾತು. ಅದನ್ನು ಆಡಲು ಕಾಜಿಗೆ ಮನಸ್ಸಿಲ್ಲ. ಹಾಗಾದರೆ ಇವಳು ಮಾತೇ ಆಡದಿದ್ದರೆ? ನಿರ್ದೇಶಕ ಶುನ್ಯಾ ಇಟೊಗೆ ಅದು ಮೊದಲ ಚಿತ್ರ. ಆತ ಒಪ್ಪಿದ. ಸರಣಿಯ ಎರಡನೇ ಚಿತ್ರದಲ್ಲಂತೂ ಅವಳ ಮಾತನ್ನು ಬೆರಳಲ್ಲೇ ಎಣಿಸಬಹುದು. ಉಳಿದದ್ದೆಲ್ಲ ಕಪ್ಪು ಹ್ಯಾಟಿನ ಅಂಚಿನಡಿ ಇರಿಯುವಂತೆ ನೋಡುವ ಕಣ್ಣು.

ಹಾಗಂತ ಇವನ್ನು ಹೆಣ್ಣಿನ ಪರವಾದ ಸಿನಿಮಾ ಅಂತ ಸುಮ್ನೆ ಒಪ್ಪಲಾರೆ. ಬೆತ್ತಲೆ, ಹಿಂಸೆ, ಅತ್ಯಾಚಾರ ಎಲ್ಲ ಇವೆ, ಕ್ಯಾಮೆರಾ ಅವನ್ನು ಚಪ್ಪರಿಸುತ್ತದೆ. ಆದರೆ ಅವಳು ತಿರುಗಿ ನೋಡಿದಾಗ, ಇಷ್ಟು ಹೊತ್ತು ಕಣ್ಣರಳಿಸಿ ನೋಡುತ್ತಿದ್ದವನಿಗೇ ಕಸಿವಿಸಿ ಆಗುತ್ತೆ ಅಲ್ವಾ, ಅದು ಕಾಜಿಯ ಕೆಲಸ.

ತಮಾಷೆ ಅಂದರೆ, ಬಾಯಿ ಬಿಡದ ಈ ಪಾತ್ರಕ್ಕೆ ಹಾಡು ಹಾಡಿದ್ದೂ ಅವರೇ. ‘ಉರಾಮಿ ಬುಶಿ’, ಅಂದರೆ ಹಗೆಯ ಹಾಡು. ಬರೆದದ್ದು ಇಟೊ.

ನಾಲ್ಕು ಚಿತ್ರಗಳಾದ ಮೇಲೆ ಕಾಜಿ ಆ ಪಾತ್ರ ಬಿಟ್ಟರು. 1978ರ ‘ಸೊನೆಜಾಕಿ ಶಿಂಜು’ ಚಿತ್ರಕ್ಕೆ ಪ್ರಶಸ್ತಿಗಳೂ ಬಂದವು. 1989ರಿಂದ ವರ್ಷಗಟ್ಟಲೆ ದುಡಿದದ್ದು ಮಾತ್ರ ಥಿಯೇಟರು ಖಾಲಿ ಮಾಡಿಸಿದ್ದ ಅದೇ ಟಿವಿಯಲ್ಲಿ. ‘ಒನಿಹೇ’ ಧಾರಾವಾಹಿಯಲ್ಲಿ ಕಳ್ಳತನ ಬಿಟ್ಟು ಪೊಲೀಸರಿಗೆ ಸುಳಿವು ಕೊಡುವ ಒಮಾಸಾ ಆಗಿ. ಅಲ್ಲಿ ಮಾತಾಡುತ್ತಾರೆ.