ದಿನಕ್ಕೊಂದು ಸೆಂಟ್ ಬಡ್ಡಿ: ಜೇ ಕುಕ್ ಗಳಿಸಿದ ನಂಬಿಕೆ, 1873ರಲ್ಲಿ ಅದು ಮುರಿದ ಬಗೆ

1865ರಲ್ಲಿ ಅಮೆರಿಕ ಸರ್ಕಾರ ಜನರಿಗೆ ಮಾರಿದ ಒಂದು ಸಾಲಪತ್ರವನ್ನು ಕಣ್ಮುಂದೆ ತಂದುಕೊಳ್ಳಿ. ಮುಖಬೆಲೆ 50 ಡಾಲರ್. ಪತ್ರಕ್ಕೇ ಅಂಟಿಕೊಂಡ ಪುಟ್ಟ ಪುಟ್ಟ ಕೂಪನ್‌ಗಳು. ಆರು ತಿಂಗಳಿಗೊಮ್ಮೆ ಒಂದು ಕೂಪನ್ ಕತ್ತರಿಸಿ ಒಯ್ದರೆ ಬಡ್ಡಿ ಕೈಗೆ ಬರುತ್ತಿತ್ತು. ಬಡ್ಡಿ ವರ್ಷಕ್ಕೆ ಶೇ 7.3. ಇದೇನು ವಿಚಿತ್ರ ಲೆಕ್ಕ, ಏಳು ಇಡಬಹುದಿತ್ತು, ಏಳೂವರೆ ಇಡಬಹುದಿತ್ತು ಅಲ್ವಾ? ಗುಣಿಸಿ ನೋಡಿ. 50 ಡಾಲರ್‌ಗೆ ವರ್ಷಕ್ಕೆ 3 ಡಾಲರ್ 65 ಸೆಂಟ್. ಅಂದರೆ 365 ಸೆಂಟ್. ದಿನಕ್ಕೆ ಸರಿಯಾಗಿ ಒಂದು ಸೆಂಟ್. ಓದು ಬರಹ ಬಾರದವರೂ ಬೆರಳು ಮಡಚಿ ಎಣಿಸಬಹುದಾದ ಬಡ್ಡಿ ಅದು.

ಈ ಪತ್ರವನ್ನು ಊರೂರಿಗೆ ತಲುಪಿಸಿದವನು ಫಿಲಡೆಲ್ಫಿಯಾದ ಬ್ಯಾಂಕರ್ ಜೇ ಕುಕ್. ಎಂಟು ವರ್ಷ ಕಳೆಯುವಷ್ಟರಲ್ಲಿ ಅವನ ಬ್ಯಾಂಕ್ ದಿವಾಳಿಯಾಯಿತು. ಅದರ ಜೊತೆ ಒಂದು ದೇಶದ ವ್ಯಾಪಾರವೇ ಕುಸಿಯಿತು. ಆ ಎಂಟು ವರ್ಷಗಳಲ್ಲಿ ನಡೆದದ್ದು ನನ್ನನ್ನು ತುಂಬ ದಿನದಿಂದ ಕಾಡುತ್ತಿದೆ. ಕುಕ್ ಒಬ್ಬ ಮೋಸಗಾರ ಅಂತ ಹೇಳಿ ಮುಗಿಸಿಬಿಡೋದು ಸುಲಭ. ಆದರೆ ಅವನು ತಾನು ಮಾರಿದ್ದನ್ನು ತಾನೇ ಮನಸಾರೆ ನಂಬಿದ್ದ. ಜನ ಹಾಳಾಗಿದ್ದು ಆ ನಂಬಿಕೆಯ ಬೆನ್ನು ಹತ್ತಿ.

ಕುಕ್ ಹುಟ್ಟಿದ್ದು 1821ರಲ್ಲಿ, ಒಹಾಯೋದಲ್ಲಿ, ಈರಿ ಸರೋವರದ ದಂಡೆಯ ಸ್ಯಾಂಡಸ್ಕಿ ಊರಲ್ಲಿ. ತಂದೆ ವಕೀಲ, ಒಮ್ಮೆ ಅಮೆರಿಕದ ಸಂಸತ್ತಿಗೂ ಆರಿಸಿ ಹೋಗಿದ್ದವನು. ಮಗ ಹದಿನೆಂಟರ ಆಸುಪಾಸಿನಲ್ಲೇ ಫಿಲಡೆಲ್ಫಿಯಾ ಸೇರಿ ಇ. ಡಬ್ಲ್ಯೂ. ಕ್ಲಾರ್ಕ್ ಎಂಬ ಲೇವಾದೇವಿ ಸಂಸ್ಥೆಯಲ್ಲಿ ಗುಮಾಸ್ತನಾದ. ಆಗ ಅಮೆರಿಕದಲ್ಲಿ ನೋಟು ಅಚ್ಚು ಹಾಕುತ್ತಿದ್ದದ್ದು ನೂರಾರು ಖಾಸಗಿ ಬ್ಯಾಂಕುಗಳು. ಒಂದೊಂದರದ್ದು ಒಂದೊಂದು ಬಣ್ಣ, ಒಂದೊಂದು ಚಿತ್ರ. ಖೋಟಾ ನೋಟು ಬೇಕಾದಷ್ಟು. ಮುಟ್ಟಿ ನೋಡಿ ಅಸಲಿ ಯಾವುದು, ನಕಲಿ ಯಾವುದು ಅಂತ ಹೇಳುವುದರಲ್ಲಿ ಹುಡುಗ ಹೆಸರುವಾಸಿಯಾದ. ಇಪ್ಪತ್ತೊಂದಕ್ಕೇ ಪಾಲುದಾರನಾದ. 1861ರ ಜನವರಿ 1ರಂದು ತನ್ನದೇ ಜೇ ಕುಕ್ ಅಂಡ್ ಕಂಪನಿ ತೆರೆದ. ಮೂರೂವರೆ ತಿಂಗಳಿಗೆ, ಗುಲಾಮಗಿರಿಯ ವಿಚಾರಕ್ಕೆ ಒಡೆದ ಅಮೆರಿಕದ ಉತ್ತರ ಮತ್ತು ದಕ್ಷಿಣ ರಾಜ್ಯಗಳ ನಡುವೆ ಅಂತರ್ಯುದ್ಧ ಶುರುವಾಯಿತು.

ಯುದ್ಧಕ್ಕೆ ದುಡ್ಡು ಬೇಕು. ಅಲ್ಲಿಯವರೆಗೆ ಸರ್ಕಾರಕ್ಕೆ ಸಾಲ ಕೊಡುತ್ತಿದ್ದದ್ದು ದೊಡ್ಡ ಬ್ಯಾಂಕುಗಳು. 1862ರಲ್ಲಿ ಸರ್ಕಾರ 50 ಕೋಟಿ ಡಾಲರ್‌ಗಳ ಶೇ 6 ಬಡ್ಡಿಯ ಬಾಂಡ್ ಹೊರಡಿಸಿತು. ಅಸಲು ಐದು ವರ್ಷದ ಮೇಲೆ ಯಾವಾಗ ಬೇಕಾದರೂ, ಇಪ್ಪತ್ತು ವರ್ಷದೊಳಗೆ ವಾಪಸ್. ಅದಕ್ಕೇ ಜನ ಅದನ್ನು 'ಐದು-ಇಪ್ಪತ್ತು' ಅಂತ ಕರೆದರು. ಬಾಂಡ್ ಬಿಕರಿಯಾಗಲಿಲ್ಲ. ಖಜಾನೆ ಸಚಿವ ಸಾಮನ್ ಚೇಸ್‌ಗೆ ಕುಕ್‌ನ ತಮ್ಮ ಹೆನ್ರಿಯ ಸ್ನೇಹವಿತ್ತು. ಆ ವರ್ಷದ ಅಕ್ಟೋಬರ್‌ನಲ್ಲಿ ಮಾರಾಟದ ಹೊಣೆ ಕುಕ್ ಕೈಗೆ ಬಂತು.

ಕುಕ್ ಮಾಡಿದ್ದೇನೆಂದರೆ, ಬ್ಯಾಂಕರುಗಳನ್ನು ಬಿಟ್ಟು ನೇರ ಜನರ ಹತ್ತಿರ ಹೋದ. ಸುಮಾರು 2,500 ಏಜೆಂಟರನ್ನು ನೇಮಿಸಿದ. ಪೇಟೆಯ ಸಣ್ಣ ಲೇವಾದೇವಿಗಾರರು, ವಿಮೆ ಮಾರುವವರು, ಊರಿನ ಗಣ್ಯರು, ಹೀಗೆ ಜನ ಯಾರ ಮಾತು ಕೇಳುತ್ತಾರೋ ಅವರನ್ನೆಲ್ಲ ಹಿಡಿದ. ಪತ್ರಿಕೆಗಳಿಗೆ ಜಾಹೀರಾತು ಸುರಿದ, ಜರ್ಮನ್ ಭಾಷೆಯ ಪತ್ರಿಕೆಗಳಿಗೂ. ಮಾರಾಟದ ಲೆಕ್ಕ ದಿನಾ ಟೆಲಿಗ್ರಾಫ್‌ನಲ್ಲಿ ಫಿಲಡೆಲ್ಫಿಯಾ ಸೇರುತ್ತಿತ್ತು. 1864ರ ಜನವರಿಯಷ್ಟರಲ್ಲಿ 50 ಕೋಟಿಯೂ ಖಾಲಿ. ಕಮಿಷನ್ ಜಾಸ್ತಿಯಾಯಿತು ಅಂತ ಸಂಸತ್ತಿನಲ್ಲಿ ಗೊಣಗಾಟ ಎದ್ದು, ಸರ್ಕಾರ ಸ್ವಲ್ಪ ಕಾಲ ಅವನನ್ನು ದೂರ ಇಟ್ಟಿತು. ಆದರೆ ಅವನಿಲ್ಲದೆ ಮಾರಾಟ ಕುಂಟಿತು. 1865ರ ಆರಂಭದಲ್ಲಿ ಮತ್ತೆ ಕರೆಯಿತು.

ಆಗ ಅವನು ಮಾರಿದ್ದೇ ಮೊದಲು ಹೇಳಿದ ಶೇ 7.3ರ ಪತ್ರ, ಜನರ ಬಾಯಲ್ಲಿ 'ಏಳು-ಮೂವತ್ತು'. ಹಗಲು ಕೆಲಸಕ್ಕೆ ಹೋಗುವ ಕಾರ್ಮಿಕರಿಗಾಗಿ ರಾತ್ರಿ ತೆರೆದಿರುವ ಕಚೇರಿಗಳನ್ನು ಮಾಡಿಸಿದ. ಕೆಲವೇ ತಿಂಗಳಲ್ಲಿ 83 ಕೋಟಿ ಡಾಲರ್ ಬಂತು. ಈ ಹಣದಿಂದ ಸೈನಿಕರಿಗೆ ಸಂಬಳ ಸಿಕ್ಕಿತು, ಯುದ್ಧ ಮುಗಿಯಿತು, ಗುಲಾಮಗಿರಿ ಕೊನೆಗೊಂಡಿತು. ಇದನ್ನು ಯಾರೂ ಕಡಿಮೆ ಮಾಡಿ ನೋಡಬಾರದು ಅಂತ ನನ್ನ ಅನಿಸಿಕೆ. ಬಡವರ ಹಣವನ್ನೂ ಸರ್ಕಾರ ಸಮನಾಗಿ ಗೌರವಿಸುತ್ತದೆ ಅನ್ನೋದು ಸಾಮಾನ್ಯ ಜನರಿಗೆ ಆಗ ಮೊದಲ ಸಲ ಗೊತ್ತಾಯಿತು. ಆ ಪತ್ರಗಳ ಬಡ್ಡಿ ಹೇಳಿದ ದಿನಕ್ಕೆ ಬಂತು. ಅಸಲೂ ಬಂತು. ಜೇ ಕುಕ್ ಅಂದರೆ ನಂಬಿಕೆ ಅಂತ ಆಯಿತು.

ಯುದ್ಧ ಮುಗಿದ ಮೇಲೆ ಅವನು ಫಿಲಡೆಲ್ಫಿಯಾದ ಹೊರಗೆ ಭಾರೀ ಬಂಗಲೆ ಕಟ್ಟಿಸಿ ಒಗಾಂಟ್ಜ್ ಅಂತ ಹೆಸರಿಟ್ಟ. ಅದು ಸ್ಯಾಂಡಸ್ಕಿ ಊರು ಎದ್ದ ಜಾಗದಲ್ಲಿ ಹಿಂದೆ ವಾಸವಿದ್ದ ಮೂಲನಿವಾಸಿ ನಾಯಕನ ಹೆಸರು. ಈರಿ ಸರೋವರದ ಜಿಬ್ರಾಲ್ಟರ್ ಎಂಬ ಪುಟ್ಟ ದ್ವೀಪವನ್ನು 1864ರಲ್ಲೇ ಕೊಂಡು ಮನೆ ಕಟ್ಟಿದ್ದ; ಅಲ್ಲಿ ಗಾಳ ಹಾಕಿ ಕೂರುವುದೆಂದರೆ ಅವನಿಗೆ ಪ್ರಾಣ. ತುಂಬ ದೈವಭಕ್ತ. ಬ್ಯಾಂಕಿನ ಲೆಕ್ಕದ ಪುಸ್ತಕದಲ್ಲಿ 'ಹಿರಿಯಜ್ಜ ಯಾಕೋಬ' ಅನ್ನೋ ಅರ್ಥದ ಮೂರಕ್ಷರದ ಒಂದು ಖಾತೆ ಇತ್ತು. ಬೈಬಲ್‌ನ ಯಾಕೋಬ ಹತ್ತರಲ್ಲೊಂದು ಪಾಲು ದೇವರಿಗೆ ಕೊಡುತ್ತೇನೆ ಅಂತ ಹರಕೆ ಹೊತ್ತವನಲ್ವಾ, ಹಾಗೆ ಲಾಭದ ಹತ್ತನೇ ಒಂದು ಪಾಲು ದಾನಕ್ಕೆ ಅಂತ ಆ ಖಾತೆಗೆ ಹೋಗುತ್ತಿತ್ತು.

ಸರ್ಕಾರಕ್ಕೆ ಇನ್ನು ಅಷ್ಟು ಸಾಲ ಬೇಕಿರಲಿಲ್ಲ. ಕುಕ್ ಕೈಯಲ್ಲಿ ಏಜೆಂಟರಿದ್ದರು, ಪತ್ರಿಕೆಗಳಿದ್ದವು, ಜನರ ನಂಬಿಕೆಯಿತ್ತು. ಮಾರಲು ಸರಕು ಬೇಕಿತ್ತು. ಅದು ನಾರ್ದರ್ನ್ ಪೆಸಿಫಿಕ್ ರೈಲ್ವೆಯ ರೂಪದಲ್ಲಿ ಬಂತು.

ಸುಪೀರಿಯರ್ ಸರೋವರದಿಂದ ಪೆಸಿಫಿಕ್ ಕಡಲಿನವರೆಗೆ ಈ ಹಳಿ ಹಾಕಲು 1864ರ ಜುಲೈ 2ರಂದು ಲಿಂಕನ್ ಸಹಿಯೊಂದಿಗೆ ಅನುಮತಿ ಸಿಕ್ಕಿತ್ತು. ಸರ್ಕಾರ ದುಡ್ಡು ಕೊಡಲಿಲ್ಲ, ನೆಲ ಕೊಟ್ಟಿತು. ಹಳಿಯ ಎರಡೂ ಬದಿಯ ನೆಲವನ್ನು ಒಂದೊಂದು ಚದರ ಮೈಲಿಯ ಚೌಕಗಳಾಗಿ ಮಾಡಿ, ಚದುರಂಗದ ಹಾಸಿನ ಹಾಗೆ ಒಂದು ಬಿಟ್ಟು ಒಂದು ಚೌಕ ರೈಲ್ವೆಗೆ. ಹಳಿ ಬಿದ್ದಷ್ಟು ದೂರಕ್ಕೆ ಮಾತ್ರ ಆ ನೆಲ ಕೈಗೆ ಬರುತ್ತಿತ್ತು. ಕೊನೆಗೆ ಈ ಕಂಪನಿಗೆ ಸಿಕ್ಕಿದ್ದು ಸುಮಾರು 4 ಕೋಟಿ ಎಕರೆ. ಕೇಳಲು ಚೆನ್ನಾಗಿದೆ. ಆದರೆ ನೆಲ ಮಾರಬೇಕಾದರೆ ಜನ ಬರಬೇಕು, ಜನ ಬರಬೇಕಾದರೆ ರೈಲು ಬರಬೇಕು, ರೈಲು ಬರಬೇಕಾದರೆ ಹಣ ಬೇಕು. ಆ ಮೊದಲ ಹಣ ಎಲ್ಲಿಂದ?

1870ರಲ್ಲಿ ಕುಕ್ ಒಪ್ಪಂದ ಮಾಡಿಕೊಂಡ. 10 ಕೋಟಿ ಡಾಲರ್‌ಗಳ ಬಾಂಡ್ ಮಾರಿಕೊಡುವುದು. ರೈಲ್ವೆಗೆ ನೂರಕ್ಕೆ 88 ಡಾಲರ್ ಸೇರಬೇಕು, ಜನರಿಗೆ ನೂರಕ್ಕೇ ಮಾರಬೇಕು. ನಡುವಿನ 12 ಅವನ ಸಂಸ್ಥೆಗೆ. ಮೇಲೆ ರೈಲ್ವೆಯ ಷೇರುಗಳು ಬೇರೆ. ಬಡ್ಡಿ ಎಷ್ಟು ಗೊತ್ತಾ? ಶೇ 7.3. ಅದೇ ಅಂಕಿ. ಇಲ್ಲಿಗೆ ಬಂದಾಗಲೆಲ್ಲ ನಾನು ನಿಂತುಬಿಡುತ್ತೇನೆ. ಅದೇ ಏಜೆಂಟ್, ಅದೇ ಹೆಸರು, ಅದೇ 'ಏಳು-ಮೂವತ್ತು'. ಐದು ವರ್ಷದ ಹಿಂದೆ ಪೆಟ್ಟಿಗೆಯಲ್ಲಿಟ್ಟ ಪತ್ರಕ್ಕೂ ಈಗ ಕೈಗೆ ಬಂದ ಪತ್ರಕ್ಕೂ ಹಳ್ಳಿಯ ವಿಧವೆಯೊಬ್ಬಳು ಹೇಗೆ ವ್ಯತ್ಯಾಸ ತಿಳಿಯಬೇಕು? ಮೊದಲನೆಯದರ ಹಿಂದೆ ಇಡೀ ದೇಶದ ತೆರಿಗೆ ಇತ್ತು. ಎರಡನೆಯದರ ಹಿಂದೆ ಇದ್ದದ್ದು ಇನ್ನೂ ಹಾಕದ ಹಳಿ, ಇನ್ನೂ ಮಾರದ ನೆಲ.

ಪ್ರಚಾರ ಮಾತ್ರ ಜೋರಾಗಿತ್ತು. ಆ ಉತ್ತರದ ಸೀಮೆ ಎಷ್ಟು ಬೆಚ್ಚಗಿದೆ ಅಂತ ತೋರಿಸಲು ಉಷ್ಣತೆಯ ಗೆರೆಗಳನ್ನು ಮೇಲಕ್ಕೆ ಬಾಗಿಸಿದ ನಕ್ಷೆಗಳು ಬಂದವು. ವಿರೋಧಿಗಳು ಅದನ್ನು 'ಜೇ ಕುಕ್‌ನ ಬಾಳೆ ಬೆಳೆಯುವ ಸೀಮೆ' ಅಂತ ಆಡಿಕೊಂಡರು. ಚಳಿಗಾಲದಲ್ಲಿ ನದಿಯೇ ಕಲ್ಲಾಗುವ ಜಾಗ ಅದು. ಜರ್ಮನ್ನರ ಹಣ ಮತ್ತು ವಲಸೆ ಬೇಕಿತ್ತು. ಹಾಗಾಗಿ 1873ರಲ್ಲಿ ಮಿಸೌರಿ ನದಿ ದಂಡೆಯ ಊರಿಗೆ ಜರ್ಮನಿಯ ಚಾನ್ಸಲರ್ ಬಿಸ್ಮಾರ್ಕ್‌ನ ಹೆಸರು ಬಂತು. ಇವತ್ತು ಅದು ನಾರ್ತ್ ಡಕೋಟಾದ ರಾಜಧಾನಿ. ಯೆಲ್ಲೋಸ್ಟೋನ್‌ನ ಬಿಸಿನೀರ ಚಿಲುಮೆಗಳ ಬಗ್ಗೆ ಭಾಷಣ ಮಾಡಿಸಿದ್ದು, ಚಿತ್ರಕಾರ ಥಾಮಸ್ ಮೋರನ್ 1871ರಲ್ಲಿ ಅಲ್ಲಿಗೆ ಹೋಗಲು 500 ಡಾಲರ್ ಸಾಲ ಕೊಟ್ಟಿದ್ದು ಇದೇ ಕುಕ್. ಪ್ರವಾಸಿಗರು ತನ್ನ ರೈಲು ಹತ್ತಲಿ ಅನ್ನೋದು ಲೆಕ್ಕ. ಮರುವರ್ಷ ಮಾರ್ಚ್ 1ಕ್ಕೆ ಯೆಲ್ಲೋಸ್ಟೋನ್ ರಾಷ್ಟ್ರೀಯ ಉದ್ಯಾನ ಆಯಿತು. ಕುಕ್‌ನ ವ್ಯಾಪಾರದಿಂದ ಹುಟ್ಟಿ ಇವತ್ತಿಗೂ ಜನರಿಗೆ ಉಳಿದ ಒಳ್ಳೆಯದು ಇದು.

ಆದರೆ ಆ ನೆಲ ಖಾಲಿ ಬಿದ್ದಿರಲಿಲ್ಲ. ಯೆಲ್ಲೋಸ್ಟೋನ್ ನದಿಯ ಕಣಿವೆ ಲಕೋಟಾ ಎಂಬ ಮೂಲನಿವಾಸಿ ಜನರ ಬೇಟೆಯ ನೆಲ. 1872 ಮತ್ತು 1873ರಲ್ಲಿ ಸರ್ವೆ ತಂಡಗಳು ಸೈನ್ಯದ ಕಾವಲಿನಲ್ಲಿ ಬಂದಾಗ ಸಿಟಿಂಗ್ ಬುಲ್ ನಾಯಕತ್ವದಲ್ಲಿ ಅವರು ತಡೆದು ಕಾದಾಡಿದರು. ಕಸ್ಟರ್ ಎಂಬ ಸೇನಾಧಿಕಾರಿಗೆ ಅವರೊಡನೆ ಮೊದಲ ಜಗಳವಾದದ್ದೂ ಈ ರೈಲ್ವೆ ಸರ್ವೆಯ ಕಾವಲಿಗೆ ಹೋದಾಗಲೇ. ಒಬ್ಬ ಮೂಲನಿವಾಸಿ ನಾಯಕನ ಹೆಸರು ಹೊತ್ತ ಬಂಗಲೆಯಲ್ಲಿ ಕೂತು, ಇನ್ನೊಬ್ಬ ನಾಯಕನ ನೆಲದ ಮೇಲೆ ಬಾಂಡ್ ಮಾರಲಾಗುತ್ತಿತ್ತು. ಈ ಕಾದಾಟದ ಸುದ್ದಿ ಪೂರ್ವದ ಪತ್ರಿಕೆಗಳಲ್ಲಿ ಬಂದಂತೆಲ್ಲ ಕೊಳ್ಳುವವರು ಹಿಂದೆ ಸರಿದರು.

ಹಣ ಎಲ್ಲ ಕಡೆಯಿಂದಲೂ ಬತ್ತತೊಡಗಿತು. ಯುರೋಪಿನಲ್ಲಿ ಬಾಂಡ್ ಮಾರಲು ಹೊರಟಾಗಲೇ, 1870ರ ಜುಲೈನಲ್ಲಿ, ಫ್ರಾನ್ಸ್ ಮತ್ತು ಪ್ರಷ್ಯಾ ನಡುವೆ ಯುದ್ಧ ಬಂತು. ಫಿಲಡೆಲ್ಫಿಯಾದಲ್ಲೇ ಪ್ರತಿಸ್ಪರ್ಧಿ ಬ್ಯಾಂಕರ್ ಡ್ರೆಕ್ಸೆಲ್ ಬಳಗದ ಪತ್ರಿಕೆ ಈ ರೈಲ್ವೆಯ ವಿರುದ್ಧ ಬರೆಯುತ್ತಲೇ ಇತ್ತು. 1873ರ ಮೇನಲ್ಲಿ ವಿಯೆನ್ನಾ ಷೇರುಪೇಟೆ ಕುಸಿದು ಯುರೋಪಿನ ಬಂಡವಾಳ ಅಮೆರಿಕದ ರೈಲ್ವೆಗಳಿಂದ ಕೈ ಎಳೆದುಕೊಂಡಿತು. ಬಾಂಡ್ ಬಿಕರಿಯಾಗದಿದ್ದರೂ ಹಳಿಯ ಕೆಲಸಗಾರರಿಗೆ ಕೂಲಿ ಕೊಡಲೇಬೇಕಲ್ಲ. ಕುಕ್ ತನ್ನ ಬ್ಯಾಂಕಿನ ಹಣ ಕೊಟ್ಟ. ಒಪ್ಪಂದದ ಪ್ರಕಾರ ರೈಲ್ವೆಗೆ 5 ಲಕ್ಷ ಡಾಲರ್‌ಗಿಂತ ಜಾಸ್ತಿ ಮುಂಗಡ ಕೊಡುವಂತಿರಲಿಲ್ಲ. 1873ರ ಹೊತ್ತಿಗೆ ಅದು 50 ಲಕ್ಷ ದಾಟಿತ್ತು. ಅದು ಅವನ ಸ್ವಂತ ಹಣವಷ್ಟೇ ಆಗಿದ್ದರೆ ಸರಿ. ಠೇವಣಿ ಇಟ್ಟವರ ಹಣ ಅದರಲ್ಲಿತ್ತು.

ಸೆಪ್ಟೆಂಬರ್ 17ರ ರಾತ್ರಿ ಅಧ್ಯಕ್ಷ ಗ್ರಾಂಟ್ ಒಗಾಂಟ್ಜ್‌ನಲ್ಲಿ ಅತಿಥಿ. ಮಗನನ್ನು ಅಲ್ಲೇ ಹತ್ತಿರದ ಶಾಲೆಗೆ ಸೇರಿಸಲು ಬಂದಿದ್ದ. ಮರುದಿನ ಬೆಳಿಗ್ಗೆ ತಿಂಡಿಯ ಹೊತ್ತಿಗೆ ಕುಕ್‌ಗೆ ತಂತಿಗಳು ಬರುತ್ತಿದ್ದವು. ಅವನು ಅತಿಥಿಯ ಎದುರು ಏನೂ ತೋರಿಸಿಕೊಳ್ಳದೆ, ಬೀಳ್ಕೊಟ್ಟು, ಪೇಟೆಗೆ ಹೋದ. ಹನ್ನೊಂದರ ಸುಮಾರಿಗೆ ನ್ಯೂಯಾರ್ಕ್ ಶಾಖೆ ಬಾಗಿಲು ಹಾಕಿತು. ಅದಾದ ಮೇಲೆ ಫಿಲಡೆಲ್ಫಿಯಾ, ವಾಷಿಂಗ್ಟನ್. ಬಾಗಿಲು ಮುಚ್ಚುವಾಗ ಅವನ ಕಣ್ಣಲ್ಲಿ ನೀರು ಬಂತಂತೆ. ಸುದ್ದಿ ಕೂಗುತ್ತಿದ್ದ ಪತ್ರಿಕೆಯ ಹುಡುಗನನ್ನು ಸುಳ್ಳು ಹರಡುತ್ತಿದ್ದಾನೆ ಅಂತ ಪೊಲೀಸಿನವನು ಹಿಡಿದ ಅಂತಲೂ ಒಂದು ಮಾತಿದೆ. ಜೇ ಕುಕ್ ದಿವಾಳಿ ಅಂದರೆ ಯಾರು ತಾನೇ ನಂಬಬೇಕು?

ಎರಡು ದಿನಕ್ಕೆ ನ್ಯೂಯಾರ್ಕ್ ಷೇರುಪೇಟೆ ಮುಚ್ಚಿತು. ಮತ್ತೆ ತೆರೆದದ್ದು ಹತ್ತು ದಿನದ ಮೇಲೆ. ಹತ್ತಾರು ರೈಲ್ವೆಗಳು, ಸಾವಿರಾರು ವ್ಯಾಪಾರಗಳು ಮುಳುಗಿದವು. 1879ರವರೆಗೂ ಎಳೆದ ಆ ಕಷ್ಟಕಾಲವನ್ನೇ ಅಮೆರಿಕನ್ನರು 1930ರ ದಶಕ ಬರುವ ತನಕ 'ಮಹಾ ಕುಸಿತ' ಅನ್ನುತ್ತಿದ್ದರು. ಕೂಲಿ ಕಡಿತದ ವಿರುದ್ಧ 1877ರಲ್ಲಿ ರೈಲ್ವೆ ಕಾರ್ಮಿಕರ ದೊಡ್ಡ ಮುಷ್ಕರ ಎದ್ದದ್ದೂ ಇದೇ ಬೇಗೆಯಲ್ಲಿ. ಡ್ರೆಕ್ಸೆಲ್‌ನ ಪಾಲುದಾರ, ಬ್ಯಾಂಕರ್ ಜೆ. ಪಿ. ಮಾರ್ಗನ್‌ಗೆ ಮುಂದಿನ ದಾರಿ ಸಲೀಸಾಯಿತು.

ನನ್ನ ಹೊಟ್ಟೆ ಉರಿಯುವುದು ಇನ್ನೊಂದು ಬ್ಯಾಂಕಿನ ಕಥೆಗೆ. 1865ರಲ್ಲಿ ಬಿಡುಗಡೆಯಾದ ಗುಲಾಮರ ಉಳಿತಾಯಕ್ಕಾಗಿ ಫ್ರೀಡ್‌ಮನ್ಸ್ ಬ್ಯಾಂಕ್ ಶುರುವಾಗಿತ್ತು. ಜೀವನದಲ್ಲಿ ಮೊದಲ ಸಲ ಕೂಲಿ ಕಂಡವರು, ಹತ್ತಿ ಬಿಡಿಸಿ, ಬಟ್ಟೆ ಒಗೆದು, ಡಾಲರ್ ಡಾಲರ್ ಕೂಡಿಟ್ಟು ಪಾಸ್‌ಬುಕ್ ಮಾಡಿಸಿದ್ದರು. ಅದರ ಹಣಕಾಸು ಸಮಿತಿಯ ಮುಖ್ಯಸ್ಥ ಯಾರು? ಕುಕ್‌ನ ತಮ್ಮ ಹೆನ್ರಿ. ಆ ಬ್ಯಾಂಕಿನ ಹಣ ಕುಕ್ ಕಂಪನಿಯ ಕಡೆಗೂ, ರೈಲ್ವೆಯ ಬಾಂಡ್‌ಗಳ ಕಡೆಗೂ ಹರಿದಿತ್ತು. 1874ರ ಮಾರ್ಚ್‌ನಲ್ಲಿ ಫ್ರೆಡರಿಕ್ ಡಗ್ಲಸ್‌ನನ್ನು ಅಧ್ಯಕ್ಷ ಮಾಡಿದರು. ತಾನೂ ಗುಲಾಮನಾಗಿದ್ದವನು ಅವನು. ತನ್ನ ಕೈಯಿಂದ 10,000 ಡಾಲರ್ ಬ್ಯಾಂಕಿಗೆ ಸಾಲ ಕೊಟ್ಟು ಉಳಿಸಲು ನೋಡಿದ. ಆಗಲಿಲ್ಲ. ಬೇಸಿಗೆಯಲ್ಲಿ ಅದೂ ಮುಚ್ಚಿತು. 61,000ಕ್ಕೂ ಹೆಚ್ಚು ಖಾತೆದಾರರಿಗೆ ಸುಮಾರು 30 ಲಕ್ಷ ಡಾಲರ್ ಬರಬೇಕಿತ್ತು.

ಕುಕ್ ಮತ್ತೆ ಎದ್ದ. ಬಂಗಲೆ, ದ್ವೀಪ ಎಲ್ಲ ಸಾಲ ಕೊಟ್ಟವರ ಪಾಲಾಗಿತ್ತು. ಕೆಲ ವರ್ಷ ಮಗಳ ಮನೆಯಲ್ಲಿದ್ದ. ಆ ದಶಕದ ಕೊನೆಯಲ್ಲಿ ಯೂಟಾದ ಹಾರ್ನ್ ಸಿಲ್ವರ್ ಎಂಬ ಬೆಳ್ಳಿ ಗಣಿಗೆ ಬಂಡವಾಳವನ್ನೂ ರೈಲು ದಾರಿಯನ್ನೂ ಕೂಡಿಸಿಕೊಟ್ಟು ಮತ್ತೆ ಲಕ್ಷಾಧೀಶನಾದ. ಒಗಾಂಟ್ಜ್ ಮರಳಿ ಕೊಂಡು, ಅದನ್ನು ಹೆಣ್ಣುಮಕ್ಕಳ ಶಾಲೆಗೆ ಬಾಡಿಗೆಗೆ ಕೊಟ್ಟ. ಜಿಬ್ರಾಲ್ಟರ್ ದ್ವೀಪಕ್ಕೂ ಗಾಳ ಹಿಡಿದು ಹೋಗತೊಡಗಿದ. 1905ರ ಫೆಬ್ರವರಿಯಲ್ಲಿ, 83ನೇ ವಯಸ್ಸಿನಲ್ಲಿ ತೀರಿಕೊಂಡ.

ನಾರ್ದರ್ನ್ ಪೆಸಿಫಿಕ್ ಹಳಿ ಬಿಸ್ಮಾರ್ಕ್‌ನಲ್ಲೇ ವರ್ಷಗಟ್ಟಲೆ ನಿಂತಿತ್ತು. ಹೆನ್ರಿ ವಿಲ್ಲಾರ್ಡ್ ಎಂಬವನು ಈ ರೈಲ್ವೆಯ ಅಧ್ಯಕ್ಷನಾಗಿದ್ದ ಕಾಲದಲ್ಲಿ, 1883ರ ಸೆಪ್ಟೆಂಬರ್ 8ರಂದು, ಮಾಂಟಾನಾದ ಗೋಲ್ಡ್ ಕ್ರೀಕ್‌ನಲ್ಲಿ ಪೂರ್ವದ ಹಳಿಯೂ ಪಶ್ಚಿಮದ ಹಳಿಯೂ ಕೂಡಿದವು. ಗ್ರಾಂಟ್ ಆ ಸಮಾರಂಭದಲ್ಲೂ ಇದ್ದ. ಅದೇ 1883ರಲ್ಲಿ ಫ್ರೀಡ್‌ಮನ್ಸ್ ಬ್ಯಾಂಕಿನ ಖಾತೆದಾರರಿಗೆ ಐದನೆಯ, ಕೊನೆಯ ಕಂತು ಬಂತು. ಡಾಲರಿಗೆ 7 ಸೆಂಟ್. ಐದೂ ಕಂತು ಸೇರಿ 62 ಸೆಂಟ್. ಅದನ್ನು ಪಡೆಯಲು ಪಾಸ್‌ಬುಕ್ ಕಳಿಸಿಕೊಡಬೇಕಿತ್ತು. ಸಾವಿರಾರು ಜನ ಕಳಿಸಲೇ ಇಲ್ಲ.