ಹಣ್ಣು ಬೇರೆ, ಕಾಯಿ ಬೇರೆ: ತರ್ಕ ಕೋರ್ಟಿನ ಮೆಟ್ಟಿಲು ಹತ್ತಿದಾಗ

ತಿಪಟೂರು ಕಡೆಯ ತೋಟದ ಮನೆಗಳಲ್ಲಿ ಕೊಬ್ಬರಿಗೆ ಅಂತಲೇ ಅಟ್ಟ ಇರುತ್ತದೆ. ಬಲಿತ ಕಾಯಿಯನ್ನು ಸಿಪ್ಪೆ ಸಮೇತ ಅಟ್ಟಕ್ಕೆ ಹಾಕಿ ತಿಂಗಳುಗಟ್ಟಲೆ ಬಿಡುತ್ತಾರೆ. ಒಳಗಿನ ನೀರು ಇಂಗುತ್ತದೆ, ತಿರುಳು ಕರಟ ಬಿಡುತ್ತದೆ. ಆಮೇಲೆ ಅಲ್ಲಾಡಿಸಿದರೆ ಗಿಟುಕು ಗಡಗಡ ಎನ್ನುತ್ತದೆ. ಕಾಯಿ ಕೊಬ್ಬರಿಯಾದದ್ದು ಯಾವ ದಿನ ಅಂತ ಯಾರೂ ಬರೆದಿಡುವುದಿಲ್ಲ. ಆದರೆ ತೆರಿಗೆ ಕಾನೂನಿಗೆ ಗೆರೆ ಬೇಕು. ಆಂಧ್ರದ ಮಾರಾಟ ತೆರಿಗೆಯ ಇಂಥದ್ದೇ ಜಗಳ ಸುಪ್ರೀಂ ಕೋರ್ಟ್‌ವರೆಗೆ ಹೋಯಿತು. ನೀರಿರುವ ಕಾಯಿ ಬೇರೆ ಸರಕು, ಒಣಗಿದ ಕಾಯಿ ಬೇರೆ ಸರಕು ಎಂದು 1974ರಲ್ಲಿ ಕೋರ್ಟ್ ಹೇಳಿತು. ನಮ್ಮ ಸಂತೆಗಳಲ್ಲಿ ಇದು ಮೊದಲಿಂದಲೂ ಹಾಗೇ ಅಲ್ವಾ?

ತರ್ಕದ ಲೆಕ್ಕದಲ್ಲಿ ಇಂಥ ತೀರ್ಪು ಮೂರೇ ಸಾಲು. ತರಕಾರಿಗೆ ತೆರಿಗೆ ಇಲ್ಲ. ಇದು ತರಕಾರಿ. ಆದ್ದರಿಂದ ಇದಕ್ಕೆ ತೆರಿಗೆ ಇಲ್ಲ. ಗ್ರೀಸಿನ ಅರಿಸ್ಟಾಟಲ್ ಸುಮಾರು 2,300 ವರ್ಷಗಳ ಹಿಂದೆ ಈ ಅಚ್ಚನ್ನು ಬಿಡಿಸಿ ತೋರಿಸಿದ. ಮೊದಲ ಸಾಲನ್ನು ಕಾನೂನು ಕೊಡುತ್ತದೆ. ಮೂರನೆಯದು ತಾನಾಗಿ ಬರುತ್ತದೆ. ಜಗಳವೆಲ್ಲ ಎರಡನೆಯ ಸಾಲಿನದು. ಕೈಯಲ್ಲಿರುವ ವಸ್ತು ತರಕಾರಿ ಹೌದೋ ಅಲ್ಲವೋ ಎಂದು ಆ ಅಚ್ಚು ಹೇಳಿಕೊಡುವುದಿಲ್ಲ.

ನಮ್ಮ ಹಳೆಯ ನ್ಯಾಯಶಾಸ್ತ್ರ, ಅಂದರೆ ತರ್ಕಶಾಸ್ತ್ರ, ಇಲ್ಲಿ ಒಂದು ಹೆಜ್ಜೆ ಜಾಸ್ತಿ ಇಟ್ಟಿತ್ತು ಎಂದು ನನಗೆ ಅನ್ನಿಸುತ್ತದೆ. ಗೌತಮನ ನ್ಯಾಯಸೂತ್ರದಲ್ಲಿ ವಾದಕ್ಕೆ ಐದು ಅಂಗ: ಪ್ರತಿಜ್ಞೆ (ಹೇಳಿಕೆ), ಹೇತು (ಕಾರಣ), ಉದಾಹರಣೆ, ಉಪನಯ (ಅದನ್ನು ಇಲ್ಲಿಗೆ ಹೊಂದಿಸುವುದು), ನಿಗಮನ (ತೀರ್ಮಾನ). ದೇವರಾಯನದುರ್ಗದ ಬೆಟ್ಟದಲ್ಲಿ ಬೆಂಕಿ ಬಿದ್ದಿದೆ ಅಂತ ನೀವು ಹೇಳುತ್ತೀರಿ. ಯಾಕೆ? ಹೊಗೆ ಕಾಣುತ್ತಿದೆ. ಹೊಗೆ ಇದ್ದಲ್ಲಿ ಬೆಂಕಿ ಇರುತ್ತದೆ, ಅಡುಗೆಮನೆಯ ಒಲೆಯ ಹಾಗೆ. ಇಲ್ಲೂ ಅಂಥದೇ ಹೊಗೆ ಇದೆ. ಆದ್ದರಿಂದ ಬೆಂಕಿ ಇದೆ. ಆ ಒಲೆಯ ಮಾತೇ ಉದಾಹರಣೆ. ಅದಕ್ಕೆ ಆಸರೆಯಾಗುವ ದೃಷ್ಟಾಂತ ಹೇಗಿರಬೇಕು ಎಂದೂ ಸೂತ್ರ ಹೇಳುತ್ತದೆ: ಸಾಮಾನ್ಯ ಜನರೂ ಬಲ್ಲವರೂ ಒಂದೇ ಸಮ ಒಪ್ಪುವಂಥದ್ದಾಗಿರಬೇಕು. ಬರೀ ಪಂಡಿತರು ಒಪ್ಪಿದರೆ ಸಾಲದು.

ಇದೇ ಗುಣ ಕನ್ನಡ ನಾಡಿನಲ್ಲೇ ಹುಟ್ಟಿದ ಮಿತಾಕ್ಷರ ಎಂಬ ಧರ್ಮಶಾಸ್ತ್ರ ಗ್ರಂಥದಲ್ಲೂ ಇದೆ. ಕಲ್ಯಾಣದ ಚಾಲುಕ್ಯ ದೊರೆ ಆರನೇ ವಿಕ್ರಮಾದಿತ್ಯನ (1076–1126) ಕಾಲದಲ್ಲಿ ವಿಜ್ಞಾನೇಶ್ವರ ಅದನ್ನು ಬರೆದ. ಒಂದು ಆಸ್ತಿ ನನ್ನದು ಎಂಬುದು ಶಾಸ್ತ್ರದಿಂದ ಗೊತ್ತಾಗುವುದೋ, ಲೋಕದ ವ್ಯವಹಾರದಿಂದಲೋ ಎಂಬ ಪ್ರಶ್ನೆ ಎತ್ತಿದ. ಶಾಸ್ತ್ರ ಗೊತ್ತಿಲ್ಲದವರೂ ನನ್ನದು, ನಿನ್ನದು ಅಂತ ಕೊಟ್ಟು ತೆಗೆದುಕೊಳ್ಳುತ್ತಾರೆ. ಹಾಗಾಗಿ ಸ್ವತ್ತು ಲೌಕಿಕ ಎಂದು ವಾದಿಸಿದ. ಮಗನಿಗೆ ಹುಟ್ಟಿನಿಂದಲೇ ಹಕ್ಕು ಎಂಬ ಮಾತಿಗೂ ಅವನು ಲೋಕರೂಢಿಯನ್ನು ಮುಂದಿಟ್ಟ. ನಮ್ಮ ಕೋರ್ಟುಗಳಲ್ಲಿ ಇವತ್ತಿಗೂ ಪಿತ್ರಾರ್ಜಿತ ಆಸ್ತಿಯ ಮಾತು ಬಂದರೆ ಮಿತಾಕ್ಷರದ ಹೆಸರು ಬರುತ್ತದೆ.

ಕಾನೂನಿನ ಜೀವ ಇರುವುದು ತರ್ಕದಲ್ಲಲ್ಲ, ಅನುಭವದಲ್ಲಿ ಎಂದು ಅಮೆರಿಕದ ಕಾನೂನು ಪಂಡಿತ ಹೋಮ್ಸ್ 1881ರಲ್ಲಿ ಬರೆದರು. ಆಮೇಲೆ ಅವರು ಅಲ್ಲಿನ ಸುಪ್ರೀಂ ಕೋರ್ಟಿನ ನ್ಯಾಯಾಧೀಶರೂ ಆದರು. ಅವರು ಅಲ್ಲಿಗೆ ಬರುವ ಮೊದಲೇ, 1893ರಲ್ಲಿ, ಅದೇ ಕೋರ್ಟಿನಲ್ಲಿ ಟೊಮೆಟೊ ಹಣ್ಣೋ ತರಕಾರಿಯೋ ಎಂಬ ವ್ಯಾಜ್ಯ ತೀರ್ಮಾನವಾಗಿತ್ತು. ಆಮದು ತರಕಾರಿಗೆ ಸುಂಕವಿತ್ತು, ಹಣ್ಣಿಗೆ ಇರಲಿಲ್ಲ. ಸಸ್ಯಶಾಸ್ತ್ರದ ಪ್ರಕಾರ ಟೊಮೆಟೊ ಹಣ್ಣೇ ಎಂದು ಕೋರ್ಟ್ ಒಪ್ಪಿತು. ಆದರೂ ಜನ ಅದನ್ನು ಊಟದ ಜೊತೆ ತಿನ್ನುತ್ತಾರೆ, ಹಣ್ಣಿನ ಹಾಗೆ ಊಟದ ಕೊನೆಯಲ್ಲಿ ಅಲ್ಲ, ಆದ್ದರಿಂದ ತರಕಾರಿ ಎಂದಿತು. ಕೋಲಾರದ ಮಾರುಕಟ್ಟೆಯಲ್ಲಿ ಬಾಕ್ಸ್‌ಗಟ್ಟಲೆ ಟೊಮೆಟೊ ಹರಾಜು ಕೂಗುವವರು ಈ ಮಾತಿಗೆ ಎದುರಾಡಲಿಕ್ಕಿಲ್ಲ.

ನನಗೆ ಇದಕ್ಕಿಂತ ಇಷ್ಟವಾದದ್ದು ವೀಳ್ಯದೆಲೆಯ ಕೇಸು. ಅಕೋಲಾದ ವ್ಯಾಪಾರಿಯೊಬ್ಬರು ವೀಳ್ಯದೆಲೆಯೂ ತರಕಾರಿಯೇ, ತೆರಿಗೆ ಬೇಡ ಎಂದರು. ಗಿಡಬಳ್ಳಿಯಿಂದ ಬರುವುದೆಲ್ಲ ತರಕಾರಿ ಎಂಬ ಅರ್ಥ ನಿಘಂಟಿನಲ್ಲಿ ಸಿಗುತ್ತದೆ. 1961ರಲ್ಲಿ ಸುಪ್ರೀಂ ಕೋರ್ಟ್ ಒಪ್ಪಲಿಲ್ಲ. ಜನರ ಬಾಯಲ್ಲಿ ತರಕಾರಿ ಎಂದರೆ ಹಿತ್ತಲಲ್ಲಿ, ತೋಟದಲ್ಲಿ ಬೆಳೆದು ಊಟಕ್ಕೆ ಬಳಸುವಂಥದ್ದು ಎಂದಿತು. ತುಮಕೂರಿನ ಅಡಿಕೆ ತೋಟಗಳಲ್ಲಿ ಬಳ್ಳಿ ಹಬ್ಬಿಸಿದವರನ್ನು ಕೇಳಿ ನೋಡಿ. ಅವರಿಗೆ ಅದು ಸುಮ್ನೆ ‘ಎಲೆ’. ಸೊಪ್ಪೂ ಅಲ್ಲ, ತರಕಾರಿಯೂ ಅಲ್ಲ.

ಆದರೆ ಆ ತೀರ್ಪಿನಲ್ಲಿ ಇನ್ನೊಂದು ಕಾರಣವೂ ಇತ್ತು. ವಿನಾಯಿತಿ ಪಟ್ಟಿಯಲ್ಲಿ ಮೊದಲು ‘ತರಕಾರಿ’ ಮತ್ತು ‘ವೀಳ್ಯದೆಲೆ’ ಬೇರೆ ಬೇರೆ ನಮೂದಾಗಿದ್ದವು. ಎಲೆಯೂ ತರಕಾರಿಯೊಳಗೇ ಸೇರಿದ್ದರೆ ಬೇರೆ ನಮೂದು ಯಾಕೆ ಬೇಕಿತ್ತು? 1948ರಲ್ಲಿ ಎಲೆಯ ನಮೂದನ್ನು ತೆಗೆದುಹಾಕಿದ್ದಾದರೂ ಯಾಕೆ? ಇದು ಅಪ್ಪಟ ತರ್ಕ. ಹೋಮ್ಸ್ ಮಾತು ಹಿಡಿದು ಕೋರ್ಟಿಗೆ ತರ್ಕವೇ ಬೇಡ ಎನ್ನುವವರನ್ನು ನಾನು ಒಪ್ಪದಿರುವುದು ಇದಕ್ಕೇ. ಸಂತೆಯ ಮಾತು ಎರಡನೆಯ ಸಾಲನ್ನು ತುಂಬಬಹುದು. ಹಾಗೆ ತುಂಬಿದ್ದು ಕಾಯ್ದೆಯ ಉಳಿದ ಸಾಲುಗಳಿಗೆ ಹೊಂದುತ್ತದೆಯೇ ಎಂದು ನೋಡಲು ತರ್ಕವೇ ಬೇಕು. ಸೋತ ವ್ಯಾಪಾರಿಗೂ ತಾನು ಸೋತಿದ್ದು ಎಲ್ಲಿ ಎಂದು ಆಗ ಕಾಣುತ್ತದೆ.

ಆಮೇಲೆ ಸಾಲುಸಾಲು ಕೇಸುಗಳು ಬಂದವು. ಮೆಣಸಿನಕಾಯಿ, ನಿಂಬೆಹಣ್ಣು ತರಕಾರಿ ಎಂದು ಒಂದು ಕೇಸಿನಲ್ಲಿ, ಹಸಿ ಶುಂಠಿ ತರಕಾರಿ ಎಂದು 1977ರಲ್ಲಿ ತೀರ್ಪಾಯಿತು. 1985ರಲ್ಲಿ ತಮಿಳುನಾಡಿನ ಕೇಸೊಂದರಲ್ಲಿ ಬಲಿತ ತೆಂಗಿನಕಾಯಿ ತಾಜಾ ಹಣ್ಣೂ ಅಲ್ಲ, ತರಕಾರಿಯೂ ಅಲ್ಲ ಎಂದಾಯಿತು. ದೇವಸ್ಥಾನಕ್ಕೆ ‘ಹಣ್ಣುಕಾಯಿ’ ಒಯ್ಯುವ ನಮಗೆ ಇದರಲ್ಲಿ ಹೊಸದೇನಿಲ್ಲ. ಹಣ್ಣು ಎಂದರೆ ಬಾಳೆಹಣ್ಣು, ಕಾಯಿ ಎಂದರೆ ತೆಂಗು. ನಮ್ಮ ಭಾಷೆ ಅದನ್ನು ಯಾವತ್ತೋ ಬೇರೆ ಮಾಡಿಟ್ಟಿದೆ.

ಆದರೆ ಜನರ ರೂಢಿಯೇ ಎರಡು ಕಡೆ ಎಳೆದರೆ? ಕೊಬ್ಬರಿ ಎಣ್ಣೆಯಲ್ಲಿ ಹಾಗೇ ಆಯಿತು. ಸಣ್ಣ ಬಾಟಲಿಯ ಶುದ್ಧ ಕೊಬ್ಬರಿ ಎಣ್ಣೆ ಅಡುಗೆ ಎಣ್ಣೆಯೋ, ತಲೆಗೆ ಹಚ್ಚುವ ಎಣ್ಣೆಯೋ ಎಂಬ ಅಬಕಾರಿ ಸುಂಕದ ಪ್ರಶ್ನೆ ಅದು. 2018ರಲ್ಲಿ ಸುಪ್ರೀಂ ಕೋರ್ಟಿನ ಇಬ್ಬರು ನ್ಯಾಯಮೂರ್ತಿಗಳ ಪೀಠದಲ್ಲೇ ಒಡಕು ಬಂತು. ಅದೇ ಕಾಯ್ದೆ, ಅದೇ ಬಾಟಲಿ. ಒಬ್ಬರು ಅಡುಗೆಗೆ ಎಂದರು, ಇನ್ನೊಬ್ಬರು ತಲೆಗೆ ಎಂದರು. 2024ರ ಡಿಸೆಂಬರ್‌ನಲ್ಲಿ ಮೂವರ ಪೀಠ ತೀರ್ಮಾನಿಸಿತು. ಅಡುಗೆ ಎಣ್ಣೆಯೂ ಸಣ್ಣ ಬಾಟಲಿಯಲ್ಲಿ ಬರುತ್ತದೆ, ಆದ್ದರಿಂದ ಬಾಟಲಿ ಸಣ್ಣದು ಎಂಬುದೊಂದೇ ಸಾಲದು. ತಲೆಗೂದಲಿಗೆ ಎಂದು ಲೇಬಲ್ಲಿನಲ್ಲೋ ಪ್ಯಾಕಿನಲ್ಲೋ ಕಾಣದಿದ್ದರೆ ಅದು ಅಡುಗೆ ಎಣ್ಣೆಯೇ.