ರೇಟಿಂಗ್ 2500 ದಾಟಿದವರೆಲ್ಲ ಗ್ರ್ಯಾಂಡ್‌ಮಾಸ್ಟರ್ ಏಕಲ್ಲ?

ಓದುಗರ ಪ್ರಶ್ನೆ: ಚೆಸ್ ಸುದ್ದಿಗಳಲ್ಲಿ ‘ಎರಡನೇ ನಾರ್ಮ್ ಪಡೆದರು’, ‘ಇನ್ನು ರೇಟಿಂಗ್ ಮಾತ್ರ ಬಾಕಿ’ ಎಂದೆಲ್ಲ ಓದುತ್ತೇವೆ. ನಾರ್ಮ್ ಎಂದರೇನು? 2500 ರೇಟಿಂಗ್ ಮುಟ್ಟಿದವರಿಗೆ ಮತ್ತೊಂದು ಪರೀಕ್ಷೆ ಏಕೆ?

ಉತ್ತರ: ಗ್ರ್ಯಾಂಡ್‌ಮಾಸ್ಟರ್ ಪಟ್ಟಕ್ಕೆ ಅಂತರರಾಷ್ಟ್ರೀಯ ಚೆಸ್ ಸಂಸ್ಥೆಯಾದ ಫಿಡೆ ಎರಡು ಬಗೆಯ ಪುರಾವೆ ಕೇಳುತ್ತದೆ. ಮೊದಲನೆಯದಾಗಿ, ಆಟಗಾರರ ರೇಟಿಂಗ್ ಒಮ್ಮೆಯಾದರೂ 2500 ಮುಟ್ಟಿರಬೇಕು. ಟೂರ್ನಿಯ ನಡುವೆ ಒಂದು ಸುತ್ತಿನ ನಂತರ ಮುಟ್ಟಿ, ಮುಂದಿನ ಸುತ್ತಿನಲ್ಲೇ ಸೋತು ಕೆಳಗಿಳಿದರೂ ಅದು ಲೆಕ್ಕಕ್ಕೆ ಬರುತ್ತದೆ. ಎರಡನೆಯದು ನಾರ್ಮ್. ಒಟ್ಟು ಕನಿಷ್ಠ 27 ಆಟಗಳನ್ನು ಒಳಗೊಂಡ ನಾರ್ಮ್‌ಗಳು ಬೇಕು, ಅಂದರೆ ಸಾಮಾನ್ಯವಾಗಿ ಒಂಬತ್ತು ಸುತ್ತಿನ ಮೂರು ಟೂರ್ನಿಗಳ ಸಾಧನೆ. ರೇಟಿಂಗ್ ಎನ್ನುವುದು ವರ್ಷಗಟ್ಟಲೆ ಆಡಿದ ಆಟಗಳಿಂದ ನಿಂತ ಮಟ್ಟವಾದರೆ, ನಾರ್ಮ್ ಎನ್ನುವುದು ಒಂದೇ ಟೂರ್ನಿಯಲ್ಲಿ, ಬಲಾಢ್ಯ ಎದುರಾಳಿಗಳ ಮುಂದೆ, 2600ರ ಮಟ್ಟದಲ್ಲಿ ಆಡಿ ತೋರಿಸಿದ್ದಕ್ಕೆ ಸಿಗುವ ಮನ್ನಣೆ. ಕೆರೆಯಲ್ಲಿ ನೀರು ಎಷ್ಟು ನಿಂತಿದೆ ಎಂದು ಅಳೆಯುವುದು ಬೇರೆ, ಕೆರೆ ಕೋಡಿ ಬಿದ್ದದ್ದನ್ನು ಕಾಣುವುದು ಬೇರೆ; ಇಲ್ಲಿ ಎರಡೂ ಬೇಕು.

ಲೆಕ್ಕ ಹೀಗೆ ನಡೆಯುತ್ತದೆ. ನಾರ್ಮ್‌ಗೆ ಎದುರಾಳಿಗಳ ಸರಾಸರಿ ರೇಟಿಂಗ್ ಕನಿಷ್ಠ 2380 ಇರಬೇಕು. ಸರಾಸರಿ ಸರಿಯಾಗಿ ಅಷ್ಟೇ ಇದ್ದರೆ ಒಂಬತ್ತು ಆಟಗಳಲ್ಲಿ 7 ಅಂಕ ಗಳಿಸಬೇಕಾಗುತ್ತದೆ. ಎದುರಾಳಿಗಳು ಬಲವಾದಷ್ಟೂ ಬೇಕಾದ ಅಂಕ ಇಳಿಯುತ್ತದೆ. ಸರಾಸರಿ 2434 ಇದ್ದರೆ ಆರೂವರೆ, 2475 ಇದ್ದರೆ ಆರು ಅಂಕ ಸಾಕು. ಇದರ ಜೊತೆಗೆ ಎದುರಾಳಿಗಳಲ್ಲಿ ಮೂರನೇ ಒಂದು ಭಾಗದಷ್ಟು ಮಂದಿ ಈಗಾಗಲೇ ಗ್ರ್ಯಾಂಡ್‌ಮಾಸ್ಟರ್‌ಗಳಾಗಿರಬೇಕು, ಅರ್ಧದಷ್ಟು ಮಂದಿಯಾದರೂ ಯಾವುದಾದರೊಂದು ಪಟ್ಟ ಹೊಂದಿರಬೇಕು. ಕೆಲವು ವಿನಾಯಿತಿಗಳನ್ನು ಬಿಟ್ಟರೆ, ತನ್ನ ದೇಶವಲ್ಲದ ಕನಿಷ್ಠ ಎರಡು ದೇಶಗಳ ಆಟಗಾರರನ್ನೂ ಎದುರಿಸಿರಬೇಕು. ತಮ್ಮ ತಮ್ಮವರೇ ಸೇರಿ ಆಡಿಕೊಂಡು ಪಟ್ಟ ಹಂಚಿಕೊಳ್ಳಬಾರದು ಎಂಬುದು ಈ ನಿಯಮದ ಉದ್ದೇಶ.

ಭಾರತದ ಆಟಗಾರರ ಪಾಲಿಗೆ ಬಹುಕಾಲ ದೊಡ್ಡ ತಡೆಯಾಗಿದ್ದದ್ದು ಇದೇ ಕೊನೆಯ ನಿಯಮ ಎಂಬುದು ನನ್ನ ತಿಳಿವಳಿಕೆ. ಮ್ಯಾನ್ಯುಯೆಲ್ ಆರನ್ ಅವರು 1961ರಲ್ಲಿ ಭಾರತದ ಮೊದಲ ಇಂಟರ್‌ನ್ಯಾಷನಲ್ ಮಾಸ್ಟರ್ (ಗ್ರ್ಯಾಂಡ್‌ಮಾಸ್ಟರ್‌ಗಿಂತ ಒಂದು ಮೆಟ್ಟಿಲು ಕೆಳಗಿನ ಪಟ್ಟ) ಆದರು. ಮೊದಲ ಗ್ರ್ಯಾಂಡ್‌ಮಾಸ್ಟರ್ ವಿಶ್ವನಾಥನ್ ಆನಂದ್ ಅವರನ್ನು ಕಾಣಲು ದೇಶ 1988ರವರೆಗೆ ಕಾಯಬೇಕಾಯಿತು. ಆ ಇಪ್ಪತ್ತೇಳು ವರ್ಷಗಳಲ್ಲಿ ಇಲ್ಲಿ ಪ್ರತಿಭೆ ಇರಲಿಲ್ಲವೆಂದು ಹೇಳುವುದು ಅನ್ಯಾಯವಾದೀತು. ವಿದೇಶಿ ಗ್ರ್ಯಾಂಡ್‌ಮಾಸ್ಟರ್‌ಗಳು ಬಂದು ಆಡುವ ಟೂರ್ನಿಗಳು ಇಲ್ಲಿ ವಿರಳವಾಗಿದ್ದವು, ಯುರೋಪಿಗೆ ಹೋಗಿ ತಿಂಗಳುಗಟ್ಟಲೆ ಆಡುವ ವೆಚ್ಚವನ್ನು ಭರಿಸುವ ಶಕ್ತಿ ಹೆಚ್ಚಿನವರಿಗೆ ಇರಲಿಲ್ಲ. ಆನಂದ್ ಅವರು ಪಟ್ಟವನ್ನು ಪೂರ್ಣಗೊಳಿಸಿದ್ದು ಕೊಯಮತ್ತೂರಿನಲ್ಲಿ ನಡೆದ ಅಂತರರಾಷ್ಟ್ರೀಯ ಟೂರ್ನಿಯಲ್ಲಿ ಎಂಬುದನ್ನು ಈ ಹಿನ್ನೆಲೆಯಲ್ಲಿ ನೋಡಿದರೆ, ಒಳ್ಳೆಯ ಟೂರ್ನಿಯೊಂದನ್ನು ನಮ್ಮ ಊರಿನಲ್ಲೇ ನಡೆಸುವುದರ ಬೆಲೆ ಎಷ್ಟೆಂದು ತಿಳಿಯುತ್ತದೆ. ಇಂದಿಗೂ ನಮ್ಮ ಅನೇಕರ ಕೊನೆಯ ನಾರ್ಮ್ ಸಿಗುವುದು ಸ್ಪೇನ್, ಹಂಗೇರಿ, ಸ್ವಿಟ್ಜರ್ಲೆಂಡ್‌ನಂಥ ಕಡೆ.

ಇನ್ನು ‘ರೇಟಿಂಗ್ ಮಾತ್ರ ಬಾಕಿ’ ಎಂಬ ಸ್ಥಿತಿ. ಮೂರು ನಾರ್ಮ್ ಕೈಯಲ್ಲಿದ್ದು 2490ರ ಆಸುಪಾಸಿನಲ್ಲಿ ನಿಂತುಬಿಟ್ಟ ಆಟಗಾರರ ಸಂಕಟ ಹೊರಗಿನವರಿಗೆ ಸುಲಭವಾಗಿ ಅರ್ಥವಾಗುವುದಿಲ್ಲ. ತನಗಿಂತ ಇನ್ನೂರು ಪಾಯಿಂಟ್ ಕೆಳಗಿನವರನ್ನು ಸೋಲಿಸಿದರೆ ಈ ಮಟ್ಟದಲ್ಲಿ ಸಿಗುವುದು ಸುಮಾರು ಎರಡೂವರೆ ಪಾಯಿಂಟ್. ಅವರೊಂದಿಗೆ ಡ್ರಾ ಆದರೆ ಕಳೆದುಕೊಳ್ಳುವುದೂ ಹೆಚ್ಚುಕಡಿಮೆ ಅಷ್ಟೇ. ಸೋತರೆ ಏಳೂವರೆಗಿಂತ ಹೆಚ್ಚು. ಅಂದರೆ ಒಂದು ಸೋಲನ್ನು ತುಂಬಿಕೊಳ್ಳಲು ಮೂರು ಗೆಲುವುಗಳೂ ಸಾಲದೆ ಹೋಗಬಹುದು. ಕಡಿಮೆ ರೇಟಿಂಗ್‌ನ, ಆದರೆ ವೇಗವಾಗಿ ಬೆಳೆಯುತ್ತಿರುವ ಹತ್ತು-ಹನ್ನೆರಡು ವರ್ಷದ ಹುಡುಗ ಹುಡುಗಿಯರಿಂದ ತುಂಬಿರುವ ನಮ್ಮ ಓಪನ್ ಟೂರ್ನಿಗಳಲ್ಲಿ ಆಡುವ ಹಿರಿಯ ಆಟಗಾರರಿಗೆ ಈ ಲೆಕ್ಕ ಬಹಳ ಕಠಿಣವಾದದ್ದು.

ಮೈಸೂರಿನ ಎಂ.ಎಸ್. ತೇಜಕುಮಾರ್ ಅವರನ್ನು ಇಲ್ಲಿ ನೆನೆಯದೆ ಮುಂದೆ ಹೋಗಲಾರೆ. ರೈಲ್ವೆ ಉದ್ಯೋಗಿಯಾಗಿದ್ದ ಅವರು 2017ರಲ್ಲಿ, ಮೂವತ್ತೈದು ವರ್ಷ ದಾಟಿದ ಮೇಲೆ, ಕರ್ನಾಟಕದ ಮೊದಲ ಹಾಗೂ ಭಾರತದ ಐವತ್ತನೇ ಗ್ರ್ಯಾಂಡ್‌ಮಾಸ್ಟರ್ ಆದರು. ನಂತರದ ಎರಡು ವರ್ಷಗಳಲ್ಲಿ ಶಿವಮೊಗ್ಗದ ಸ್ಟಾನಿ ಮತ್ತು ಮೈಸೂರಿನ ಗಿರೀಶ್ ಕೌಶಿಕ್ ಆ ಸಾಲಿಗೆ ಸೇರಿದರು. 2022ರಲ್ಲಿ ಬೆಂಗಳೂರಿನ ಪ್ರಣವ್ ಆನಂದ್ ರೊಮೇನಿಯಾದ ಮಮಾಯಾದಲ್ಲಿ ನಡೆದ ವಿಶ್ವ ಯುವ ಚಾಂಪಿಯನ್‌ಷಿಪ್‌ನಲ್ಲಿ ಹದಿನಾರು ವರ್ಷದೊಳಗಿನವರ ವಿಭಾಗವನ್ನು ಗೆದ್ದು, ಅದೇ ಟೂರ್ನಿಯಲ್ಲಿ 2500 ದಾಟಿ ದೇಶದ 76ನೇ ಗ್ರ್ಯಾಂಡ್‌ಮಾಸ್ಟರ್ ಆದಾಗ ಅವರಿಗೆ ಹದಿನೈದು ವರ್ಷ. ಪತ್ರಿಕೆಗಳು ವಯಸ್ಸಿನ ದಾಖಲೆಯನ್ನೇ ದೊಡ್ಡದು ಮಾಡುತ್ತವೆ: ಅಭಿಮನ್ಯು ಮಿಶ್ರಾ 2021ರಲ್ಲಿ 12 ವರ್ಷ 4 ತಿಂಗಳಿಗೆ, ಗುಕೇಶ್ 2019ರಲ್ಲಿ 12 ವರ್ಷ 7 ತಿಂಗಳು 17 ದಿನಕ್ಕೆ. ಅತಿ ಕಿರಿಯ ಗ್ರ್ಯಾಂಡ್‌ಮಾಸ್ಟರ್ ಎಂಬ, ಆಗ ಸೆರ್ಗೆಯ್ ಕರ್ಯಾಕಿನ್ ಹೆಸರಿನಲ್ಲಿದ್ದ ದಾಖಲೆ ಗುಕೇಶ್ ಅವರಿಗೆ ತಪ್ಪಿದ್ದು ಕೇವಲ ಹದಿನೇಳು ದಿನಗಳಿಂದ. ಆ ಹದಿನೇಳು ದಿನಗಳು ಅವರ ಮುಂದಿನ ದಾರಿಯಲ್ಲಿ ಯಾವ ವ್ಯತ್ಯಾಸವನ್ನೂ ಮಾಡಲಿಲ್ಲ. 2024ರ ಡಿಸೆಂಬರ್‌ನಲ್ಲಿ ಸಿಂಗಪುರದಲ್ಲಿ ಡಿಂಗ್ ಲಿರೆನ್ ಅವರನ್ನು ಸೋಲಿಸಿ ಹದಿನೆಂಟನೇ ವಯಸ್ಸಿನಲ್ಲಿ ವಿಶ್ವ ಚಾಂಪಿಯನ್ ಆದರು. ನೌಕರಿ ಮಾಡಿಕೊಂಡು, ರಜೆ ಹೊಂದಿಸಿಕೊಂಡು, ಮೂವತ್ತರ ನಂತರವೂ ಬಿಡದೆ ಆಡಿ ಪಡೆದ ಪಟ್ಟ ನನ್ನ ದೃಷ್ಟಿಯಲ್ಲಿ ಈ ದಾಖಲೆಗಳಷ್ಟೇ ಗೌರವಕ್ಕೆ ಅರ್ಹ.

ಒಮ್ಮೆ ದೊರೆತ ಪಟ್ಟ ಜೀವನಪರ್ಯಂತ ಇರುತ್ತದೆ. ರೇಟಿಂಗ್ ಎಷ್ಟು ಕುಸಿದರೂ ಅದನ್ನು ಹಿಂದಕ್ಕೆ ಪಡೆಯುವುದಿಲ್ಲ. 1950ರಲ್ಲಿ ಫಿಡೆ 27 ಮಂದಿಗೆ ಮೊದಲ ಬಾರಿ ಈ ಪಟ್ಟ ನೀಡಿತು, ಇಂದು ಅದನ್ನು ಪಡೆದವರ ಸಂಖ್ಯೆ ಎರಡು ಸಾವಿರ ದಾಟಿದೆ. ಹಾಗಾಗಿ ಗ್ರ್ಯಾಂಡ್‌ಮಾಸ್ಟರ್‌ಗಳೆಲ್ಲ ಒಂದೇ ಮಟ್ಟದವರಲ್ಲ. 2014ರಲ್ಲಿ 2882 ಮುಟ್ಟಿದ ಮ್ಯಾಗ್ನಸ್ ಕಾರ್ಲ್‌ಸನ್ ಅವರ ಎದುರು 2500ರ ಆಟಗಾರ ಹತ್ತು ಆಟಗಳಲ್ಲಿ ಒಂದು ಅಂಕ ಪಡೆಯುವುದೂ ಕಷ್ಟ ಎಂದು ರೇಟಿಂಗ್ ಸೂತ್ರವೇ ಹೇಳುತ್ತದೆ.

ಹಲವರು ಗೊಂದಲ ಮಾಡಿಕೊಳ್ಳುವ ಇನ್ನೊಂದು ಸಂಗತಿಯೆಂದರೆ ವುಮನ್ ಗ್ರ್ಯಾಂಡ್‌ಮಾಸ್ಟರ್ ಪಟ್ಟ. ಅದು 2300 ರೇಟಿಂಗ್ ಬೇಡುವ ಬೇರೆಯದೇ ಪಟ್ಟ. ಕೊನೇರು ಹಂಪಿ 2002ರಲ್ಲಿ, ಹಾರಿಕಾ 2011ರಲ್ಲಿ, ವೈಶಾಲಿ 2023ರಲ್ಲಿ ಪಡೆದದ್ದು ಪುರುಷರಿಗೂ ಮಹಿಳೆಯರಿಗೂ ಒಂದೇ ಆಗಿರುವ, ಈವರೆಗೆ ವಿವರಿಸಿದ ಪಟ್ಟವನ್ನೇ. ನಾರ್ಮ್‌ಗಳ ದಾರಿಯನ್ನು ಬಿಟ್ಟು ನೇರವಾಗಿ ಈ ಪಟ್ಟಕ್ಕೇರುವ ಬಾಗಿಲುಗಳೂ ಕೆಲವಿವೆ, ಮಹಿಳಾ ವಿಶ್ವಕಪ್ ಅಂಥದ್ದು. 2025ರ ಜುಲೈನಲ್ಲಿ ಜಾರ್ಜಿಯಾದ ಬಟುಮಿಗೆ ಹೋದಾಗ ಹತ್ತೊಂಬತ್ತು ವರ್ಷದ ದಿವ್ಯಾ ದೇಶಮುಖ್ ಅವರ ಬಳಿ ಒಂದೇ ಒಂದು ಗ್ರ್ಯಾಂಡ್‌ಮಾಸ್ಟರ್ ನಾರ್ಮ್ ಇರಲಿಲ್ಲ. ಫೈನಲ್‌ನ ಟೈಬ್ರೇಕ್‌ನಲ್ಲಿ ಹಂಪಿ ಅವರನ್ನು ಸೋಲಿಸಿ ವಿಶ್ವಕಪ್ ಗೆದ್ದ ಅವರು ಭಾರತದ 88ನೇ ಗ್ರ್ಯಾಂಡ್‌ಮಾಸ್ಟರ್ ಆಗಿ ಮರಳಿದರು.